ವಳಿವಡೆಗೆ ಮರಳಿದವರು

ಚಾಮರಾಜನಗರದಿಂದ ಸತ್ಯಮಂಗಲದ ಕಡೆಗೆ ಸಾಗುವ ಹೆದ್ದಾರಿಯು ಬಯಲನ್ನು ಬಿಟ್ಟು ಕಾಡನ್ನು ಹೊಗುವ ಎಡೆಯಲ್ಲಿ ಪುಣಜನೂರು ಎಂಬ ಊರಿದೆ. ಇಲ್ಲಿಂದ ಸ್ವಲ್ಪ ದೂರ ಹೋದರೆ ಕರ್ನಾಟಕದ ಎಲ್ಲೆ ಮುಗಿದು ತಮಿಳುನಾಡು ಆರಂಭವಾಗುತ್ತದೆ. ಊರಿನ ಬಳಿಯ ತನಿಖಾ ಠಾಣೆಯಲ್ಲಿ ವಾಹನಗಳು ಒಂದು ಗಳಿಗೆ ನಿಂತು ಮುಂದೆ ಸಾಗುತ್ತವೆ. ಆದರೆ ಆನೆಗೂ ಜಿಂಕೆಗೂ ಬೀಸುವ ಗಾಳಿಗೂ ಆ ಎಲ್ಲೆಯ ಪರಿವೆಯಿಲ್ಲ. ಮಾತಿಗೂ ಇಲ್ಲ. ಗಡಿಯಾಚೆಯ ತಾಳವಾಡಿ ಸೀಮೆಯಲ್ಲಿ ಕನ್ನಡವೇ ಕೇಳಿಬರುತ್ತದೆ. ವರನಟ ರಾಜಕುಮಾರರ ಊರೆಂದು ಕನ್ನಡಿಗರೆಲ್ಲರೂ ಬಲ್ಲ ಗಾಜನೂರು ಇರುವುದು ಅಲ್ಲಿಯೇ.

ಈ ಭಾಗದಲ್ಲಿ ಗಡಿರೇಖೆಯು ಸ್ಥಳ ಬದಲಿಸಿದ್ದೂ ಉಂಟು. ಇಂದು ಚಾಮರಾಜನಗರ ಜಿಲ್ಲೆಗೆ ಸೇರಿರುವ ಕೊಳ್ಳೇಗಾಲವು ಒಂದು ಕಾಲದಲ್ಲಿ ಮದರಾಸು ರಾಜ್ಯದ ಕೊಯಮತ್ತೂರು ಜಿಲ್ಲೆಯ ತಾಲ್ಲೂಕಾಗಿತ್ತು. 1956ರ ನವೆಂಬರ್ 1ರಂದು ರಾಜ್ಯಗಳು ಪುನರ್ವಿಂಗಡಣೆಯಾದಾಗ ಅದು ಮೈಸೂರು ರಾಜ್ಯಕ್ಕೆ ಬಂದಿತು. ಅಂದು ಯಾವ ರೈತನೂ ತನ್ನ ಹೊಲವನ್ನು ಬಿಟ್ಟು ಓಡಲಿಲ್ಲ. ಯಾವ ತಾಯಿಯೂ ಮಕ್ಕಳನ್ನು ಎತ್ತಿಕೊಂಡು ಇರುಳಿನಲ್ಲಿ ಮನೆ ತೊರೆಯಲಿಲ್ಲ. ಗೆರೆಯು ಕಾಗದದ ಮೇಲೆ ಸರಿಯಿತು. ಜನರು ತಮ್ಮ ತಮ್ಮ ಮನೆಗಳಲ್ಲಿ ಉಳಿದರು. ಇದು ಎಷ್ಟು ದೊಡ್ಡ ಭಾಗ್ಯವೆಂಬುದು ನಮಗೆ ಸಾಮಾನ್ಯವಾಗಿ ಹೊಳೆಯುವುದಿಲ್ಲ. ಗಡಿಯು ಯುದ್ಧದಿಂದ ಸರಿದಾಗ ಏನಾಗುತ್ತದೆ ಎಂಬುದನ್ನು ಅರಿತರೆ ಈ ಭಾಗ್ಯದ ಬೆಲೆ ತಿಳಿದೀತು. ಅದಕ್ಕಾಗಿ ನಾವು ನಮ್ಮ ನಾಡಿನ ದಕ್ಷಿಣದ ಗಡಿಯಿಂದ ಉತ್ತರದ ಗಡಿಯ ಕಡೆಗೆ ಹೋಗಬೇಕು.

ನಿಪ್ಪಾಣಿಯಿಂದ ಉತ್ತರಕ್ಕೆ ಹೊರಟು ಕರ್ನಾಟಕದ ಎಲ್ಲೆಯನ್ನು ದಾಟಿ ಮುಂದೆ ಸಾಗಿದರೆ ಕೊಲ್ಹಾಪುರ ನಗರವು ಸಿಕ್ಕುತ್ತದೆ. ಅಲ್ಲಿಯ ಮಹಾಲಕ್ಷ್ಮಿಯ ದರ್ಶನಕ್ಕೆ ಕನ್ನಡ ನಾಡಿನಿಂದ ಹೋಗುವ ಯಾತ್ರಿಕರು ಅಸಂಖ್ಯ. ಆ ನಗರದಿಂದ ಪೂರ್ವಕ್ಕೆ, ಮೀರಜಿಗೆ ಹೋಗುವ ರೈಲುದಾರಿಯ ಪಕ್ಕದಲ್ಲಿ, ವಳಿವಡೆ ಎಂಬ ಹಳ್ಳಿಯಿದೆ. ಕಬ್ಬಿನ ಗದ್ದೆಗಳ ಈ ಸೀಮೆಗೆ ಯೂರೋಪಿನಿಂದ, ಆಸ್ಟ್ರೇಲಿಯಾದಿಂದ ವೃದ್ಧರಾದ ಸ್ತ್ರೀಪುರುಷರು ಆಗಾಗ ಬಂದದ್ದುಂಟು. ಅವರು ದೇವಾಲಯವನ್ನೋ ಅರಮನೆಯನ್ನೋ ನೋಡಬೇಕೆಂದು ಅಷ್ಟು ದೂರ ಬಂದವರಲ್ಲ. ತಾವು ಚಿಕ್ಕವರಾಗಿದ್ದಾಗ ವಾಸವಾಗಿದ್ದ ಬೀದಿಯನ್ನು ಹುಡುಕಿಕೊಂಡು ಬಂದವರು. ಅವರು ಪೋಲೆಂಡ್ ದೇಶದ ಮಕ್ಕಳು. ಎರಡನೆಯ ಮಹಾಯುದ್ಧದಲ್ಲಿ ಮನೆ ಕಳೆದುಕೊಂಡು ಬದುಕಿ ಉಳಿದವರು.

ಪೋಲೆಂಡಿನ ಮಕ್ಕಳು ಕೊಲ್ಹಾಪುರಕ್ಕೆ ಬಂದುದು ಹೇಗೆ? 1939ರ ಸೆಪ್ಟೆಂಬರ್ 1ರಂದು ಜರ್ಮನಿಯು ಪಶ್ಚಿಮದಿಂದ ಪೋಲೆಂಡಿನ ಮೇಲೆ ಬಿದ್ದಿತು. ಅದೇ ತಿಂಗಳ 17ರಂದು ಸೋವಿಯತ್ ಒಕ್ಕೂಟದ ಸೇನೆಯು ಪೂರ್ವದಿಂದ ನುಗ್ಗಿತು. ಎರಡು ಬಲಿಷ್ಠ ರಾಜ್ಯಗಳು ಆ ದೇಶವನ್ನು ತಮ್ಮೊಳಗೆ ಹಂಚಿಕೊಂಡವು. ಪೂರ್ವ ಭಾಗದಲ್ಲಿ ವಾಸವಾಗಿದ್ದ ಲಕ್ಷಾಂತರ ಜನರನ್ನು 1940ರ ಫೆಬ್ರವರಿಯಿಂದ ಮೊದಲ್ಗೊಂಡು ಸೋವಿಯತ್ ಅಧಿಕಾರಿಗಳು ಮನೆಗಳಿಂದ ಹೊರಡಿಸಿದರು. ಕೈಗೆ ಸಿಕ್ಕಷ್ಟನ್ನು ಕಟ್ಟಿಕೊಳ್ಳಲು ಅವರಿಗೆ ದೊರೆತ ಸಮಯ ಅತ್ಯಲ್ಪ. ಸರಕು ಸಾಗಿಸುವ ರೈಲುಡಬ್ಬಿಗಳಲ್ಲಿ ತುಂಬಿ ಅವರನ್ನು ಸೈಬೀರಿಯಾ, ಕಜಾಕ್‌ಸ್ತಾನಗಳಂಥ ದೂರದ ಪ್ರದೇಶಗಳಿಗೆ ಒಯ್ದರು. ಅಲ್ಲಿ ಹಿಮದ ಕಾಡುಗಳಲ್ಲಿ ಮರ ಕಡಿಯುವುದು, ದೊಡ್ಡ ಬೇಸಾಯ ಕ್ಷೇತ್ರಗಳಲ್ಲಿ ದುಡಿಯುವುದು ಅವರ ಪಾಲಿನ ಕೆಲಸವಾಯಿತು. ಹಸಿವು, ಚಳಿ, ರೋಗಗಳಿಂದ ಸತ್ತವರು ಬಹುಮಂದಿ. ತಂದೆಯನ್ನೋ ತಾಯಿಯನ್ನೋ ಇಬ್ಬರನ್ನೂ ಕಳೆದುಕೊಂಡ ಮಕ್ಕಳಿಗೆ ಲೆಕ್ಕವಿರಲಿಲ್ಲ.

1941ರ ಜೂನ್ 22ರಂದು ಜರ್ಮನಿಯು ಸೋವಿಯತ್ ಒಕ್ಕೂಟದ ಮೇಲೆಯೇ ದಾಳಿ ಮಾಡಿತು. ನಿನ್ನೆಯ ವೈರಿಗಳು ಇಂದಿನ ಮಿತ್ರರಾಗಬೇಕಾಯಿತು. ಲಂಡನ್ನಿನಲ್ಲಿ ನೆಲೆಸಿದ್ದ ಪೋಲೆಂಡಿನ ದೇಶಾಂತರ ಸರ್ಕಾರಕ್ಕೂ ಸೋವಿಯತ್ ಸರ್ಕಾರಕ್ಕೂ ಆ ಜುಲೈ ತಿಂಗಳಲ್ಲಿ ಒಪ್ಪಂದವಾಯಿತು. ಗಡೀಪಾರಾದ ಪೋಲಿಷ್ ಜನರಿಗೆ ಬಿಡುಗಡೆ ದೊರೆಯಿತು. ಸೇನಾಪತಿ ಆಂಡರ್ಸನು ಅವರಲ್ಲಿ ಶಕ್ತರಾದವರನ್ನು ಕೂಡಿಸಿ ಒಂದು ಸೇನೆಯನ್ನು ಕಟ್ಟಿದನು. 1942ರಲ್ಲಿ ಈ ಸೇನೆಯೂ ಅದರೊಡನೆ ಸ್ತ್ರೀಯರು ಮಕ್ಕಳೂ ಸೇರಿ ಒಂದು ಲಕ್ಷಕ್ಕೂ ಹೆಚ್ಚು ಮಂದಿ ಸೋವಿಯತ್ ನೆಲವನ್ನು ಬಿಟ್ಟು ಇರಾನಿಗೆ ಬಂದರು. ಅವರಲ್ಲಿ ಹೆಚ್ಚಿನವರು ಹಡಗುಗಳಲ್ಲಿ ಕ್ಯಾಸ್ಪಿಯನ್ ಸಮುದ್ರವನ್ನು ದಾಟಿದವರು. ಅನೇಕರು ದಡ ಸೇರಿದ ಮೇಲೆಯೂ ರೋಗದಿಂದ ತೀರಿಕೊಂಡರು. ಗಂಡಸರು ಯುದ್ಧಭೂಮಿಗೆ ಹೋದರು. ಉಳಿದ ಸ್ತ್ರೀಯರನ್ನೂ ಮಕ್ಕಳನ್ನೂ ಎಲ್ಲಿ ಇರಿಸಬೇಕೆಂಬ ಪ್ರಶ್ನೆ ಎದ್ದಿತು. ಪೂರ್ವ ಆಫ್ರಿಕಾ, ಮೆಕ್ಸಿಕೊ, ನ್ಯೂಜಿಲೆಂಡ್‌ಗಳಂತೆ ಭಾರತವೂ ಅವರಿಗೆ ಇಂಬು ನೀಡಿತು.

ಅಂದಿನ ಭಾರತದ ಸ್ಥಿತಿಯನ್ನು ಇಲ್ಲಿ ನೆನೆಯಬೇಕು. ನಾಡು ಪರರ ಆಳ್ವಿಕೆಯಲ್ಲಿತ್ತು. 1942ರಲ್ಲಿ 'ಭಾರತ ಬಿಟ್ಟು ತೊಲಗಿ' ಚಳವಳಿ ನಡೆದು ನಾಯಕರೆಲ್ಲ ಸೆರೆಮನೆಯಲ್ಲಿದ್ದರು. 1943ರಲ್ಲಿ ಬಂಗಾಳದಲ್ಲಿ ಘೋರ ಕ್ಷಾಮ ತಲೆದೋರಿತು. ಹಸಿವಿನಿಂದಲೂ ಅದರ ಬೆನ್ನಿಗೆ ಬಂದ ರೋಗಗಳಿಂದಲೂ ಸುಮಾರು 30 ಲಕ್ಷ ಜನರು ಸತ್ತರೆಂದು ಅಂದಾಜು ಮಾಡಲಾಗಿದೆ. ಇಂಥ ಸಂಕಟದ ದಿನಗಳಲ್ಲಿ, ಹೆಸರನ್ನೂ ಕೇಳದಿದ್ದ ದೇಶದ ಮಕ್ಕಳಿಗೆ ಈ ನೆಲದಲ್ಲಿ ಜಾಗ ದೊರೆಯಿತು. ಗುಜರಾತಿನ ನವಾನಗರದ ದೊರೆ ದಿಗ್ವಿಜಯಸಿಂಹಜಿಯವರು 1942ರಲ್ಲಿ ಜಾಮನಗರದ ಬಳಿ ಕಡಲ ತೀರದ ಬಾಲಾಚಡಿಯಲ್ಲಿ ಮಕ್ಕಳಿಗಾಗಿ ಶಿಬಿರವನ್ನು ತೆರೆದರು. ತಂದೆತಾಯಿಗಳಿಲ್ಲದ ಆ ಮಕ್ಕಳು ಅವರನ್ನು 'ಬಾಪು' ಎಂದು ಕರೆಯುತ್ತಿದ್ದರು.

ಬಾಲಾಚಡಿ ಚಿಕ್ಕ ಶಿಬಿರ. ಇರಾನಿನಲ್ಲಿ ಕಾದಿದ್ದ ಕುಟುಂಬಗಳಿಗೆ ಇನ್ನೂ ದೊಡ್ಡ ನೆಲೆ ಬೇಕಾಗಿತ್ತು. ಅದಕ್ಕಾಗಿ ಕೊಲ್ಹಾಪುರ ಸಂಸ್ಥಾನಕ್ಕೆ ಸೇರಿದ ವಳಿವಡೆಯನ್ನು ಆರಿಸಲಾಯಿತು. 1943ರಲ್ಲಿ ಅಲ್ಲಿ ಹೊಸದೊಂದು ಊರೇ ಎದ್ದಿತು. ಹೆಂಚಿನ ಸೂರಿನ ಉದ್ದುದ್ದದ ಮನೆಸಾಲುಗಳು, ಒಂದೊಂದು ಕುಟುಂಬಕ್ಕೂ ಪ್ರತ್ಯೇಕ ಕೋಣೆಗಳು, ಮುಂದೆ ಜಗಲಿ. ಹಡಗಿನಲ್ಲಿ ಕರಾಚಿಗೆ ಬಂದು, ಅಲ್ಲಿಂದ ರೈಲಿನಲ್ಲಿ ಪಯಣಿಸಿ ವಳಿವಡೆಗೆ ಇಳಿದವರು ಈ ಮನೆಗಳನ್ನು ಸೇರಿದರು. ಕಾಲಕ್ರಮದಲ್ಲಿ ಅಲ್ಲಿ ನೆಲೆಸಿದವರ ಸಂಖ್ಯೆ ಸುಮಾರು 5000ಕ್ಕೆ ಏರಿತು. ಅವರಲ್ಲಿ ಹೆಚ್ಚಿನವರು ಸ್ತ್ರೀಯರು ಮತ್ತು ಮಕ್ಕಳು.

ಶಿಬಿರವೆಂದೊಡನೆ ನಮಗೆ ಗುಡಾರಗಳೂ ಅನ್ನಕ್ಕಾಗಿ ನಿಂತ ಸಾಲುಗಳೂ ಕಣ್ಣಮುಂದೆ ಬರುತ್ತವೆ. ವಳಿವಡೆ ಹಾಗಿರಲಿಲ್ಲ. ಅಲ್ಲಿ ಪ್ರಾಥಮಿಕ ಶಾಲೆಗಳಿದ್ದವು, ಪ್ರೌಢಶಾಲೆಯಿತ್ತು, ಕಸುಬು ಕಲಿಸುವ ಶಾಲೆಯಿತ್ತು. ಚರ್ಚು, ಆಸ್ಪತ್ರೆ, ಗ್ರಂಥಾಲಯ, ನಾಟಕ ಮಂಡಲಿ ಇದ್ದವು. ಹುಡುಗರೂ ಹುಡುಗಿಯರೂ ಸ್ಕೌಟ್ ದಳಗಳಲ್ಲಿ ಸೇರಿದರು. ಎರಡು ಮೂರು ವರ್ಷ ಪುಸ್ತಕವನ್ನೇ ಕಾಣದಿದ್ದ ಮಕ್ಕಳು ಮತ್ತೆ ತಮ್ಮ ಭಾಷೆಯಲ್ಲಿ ಓದತೊಡಗಿದರು. ಹೊಟ್ಟೆ ತುಂಬಿಸಿದರೆ ಮನುಷ್ಯನು ಬದುಕುತ್ತಾನೆ, ನಿಜ. ಆದರೆ ಅವನು ತಾನು ಯಾರೆಂಬುದನ್ನು ಮರೆಯದಂತೆ ನೋಡಿಕೊಳ್ಳುವುದು ಅದಕ್ಕಿಂತ ಹಿರಿದಾದ ಉಪಕಾರ. ವಳಿವಡೆಯಲ್ಲಿ ಈ ಎರಡೂ ನಡೆದವು.

ಅಲ್ಲಿಯ ಬಾಳು ಸಂಪೂರ್ಣ ಸುಖದ್ದಾಗಿತ್ತೆಂದು ಹೇಳಲಾಗದು. ಹಿಮದ ನಾಡಿನವರಿಗೆ ಬೇಸಿಗೆಯ ಬಿಸಿಲು ಕಠಿಣವಾಗಿತ್ತು. ದೂರದ ರಣರಂಗದಲ್ಲಿದ್ದ ತಂದೆಯಿಂದಲೋ ಅಣ್ಣನಿಂದಲೋ ಬರಬೇಕಾದ ಕಾಗದಕ್ಕಾಗಿ ಪ್ರತಿ ಮನೆಯೂ ಕಾಯುತ್ತಿತ್ತು. ಕೆಲವರಿಗೆ ಅದು ಬರಲೇ ಇಲ್ಲ. ಆದರೆ ಮಕ್ಕಳ ಸ್ವಭಾವವೇ ಬೇರೆ. ಮುಂಗಾರಿನ ಮಳೆ, ಮಾವಿನ ಹಣ್ಣು, ಪಂಚಗಂಗಾ ನದಿ, ಕೊಲ್ಹಾಪುರದ ಪೇಟೆ ಇವೆಲ್ಲ ಅವರ ಬಾಲ್ಯದ ಭಾಗಗಳಾದವು. ಭಯದಿಂದ ಬೆಚ್ಚಿಬೀಳದೆ ನಿದ್ರಿಸಬಹುದಾದ ಇರುಳುಗಳು ಅವರಿಗೆ ಬಹುಕಾಲದ ಮೇಲೆ ದೊರೆತುದು ಇಲ್ಲಿಯೇ.

1945ರಲ್ಲಿ ಯುದ್ಧ ಮುಗಿಯಿತು. ಆದರೆ ಈ ಜನರಿಗೆ ಮನೆಗೆ ಮರಳುವ ದಾರಿ ತೆರೆಯಲಿಲ್ಲ. ಆ ವರ್ಷದ ಫೆಬ್ರವರಿಯಲ್ಲಿ ಯಾಲ್ಟಾ ಎಂಬಲ್ಲಿ ಬ್ರಿಟನ್, ಅಮೆರಿಕ, ಸೋವಿಯತ್ ಒಕ್ಕೂಟಗಳ ನಾಯಕರು ಸೇರಿ ಪೋಲೆಂಡಿನ ಪೂರ್ವದ ಗಡಿಯನ್ನು ಪಶ್ಚಿಮಕ್ಕೆ ಸರಿಸಲು ಒಪ್ಪಿದ್ದರು. ವಳಿವಡೆಯಲ್ಲಿದ್ದ ಬಹುಮಂದಿಯ ಊರುಗಳು ಸೋವಿಯತ್ ಒಕ್ಕೂಟಕ್ಕೆ ಸೇರಿಹೋದವು. ಇಂದು ಆ ಊರುಗಳಿರುವುದು ಯುಕ್ರೇನ್, ಬೆಲಾರುಸ್, ಲಿಥುವೇನಿಯ ದೇಶಗಳಲ್ಲಿ. ಕೊಳ್ಳೇಗಾಲದ ಗಡಿ ಸರಿದಾಗ ಜನರು ನಿಂತಲ್ಲಿಯೇ ಉಳಿದರೆಂದು ಮೊದಲು ನೋಡಿದೆವು. ಇಲ್ಲಿಯಾದರೋ ಗಡಿಯ ಗೆರೆ ಸರಿಯಿತು; ಅದರ ಒಡನೆ ಮನೆ, ಹೊಲ, ಹಿರಿಯರ ಸಮಾಧಿ, ಊರಿನ ಹೆಸರು ಎಲ್ಲವೂ ಕೈಬಿಟ್ಟುಹೋದವು.

1946ರಲ್ಲಿ ಬಾಲಾಚಡಿಯ ಶಿಬಿರವು ಮುಚ್ಚಿದಾಗ ಅಲ್ಲಿಯ ಮಕ್ಕಳು ವಳಿವಡೆಗೆ ಬಂದರು. 1947ರ ಆಗಸ್ಟ್ 15ರಂದು ಭಾರತವು ಸ್ವತಂತ್ರವಾದಾಗಲೂ ಪೋಲಿಷ್ ಜನರು ಇಲ್ಲಿದ್ದರು. 1948ರ ಹೊತ್ತಿಗೆ ಅವರೆಲ್ಲರೂ ಚದುರಿದರು. ಕೆಲವರು ಪೋಲೆಂಡಿಗೆ ಹಿಂದಿರುಗಿದರು. ಅನೇಕರು ಸೇನೆಯಲ್ಲಿದ್ದ ಬಂಧುಗಳು ನೆಲೆಸಿದ ಬ್ರಿಟನ್ನಿಗೆ ಹೋದರು. ಇನ್ನುಳಿದವರು ಆಸ್ಟ್ರೇಲಿಯಾ, ಕೆನಡಾ, ಅಮೆರಿಕಗಳಂಥ ದೇಶಗಳನ್ನು ಸೇರಿದರು. ಒಂದೇ ಜಗಲಿಯಲ್ಲಿ ಆಡಿ ಬೆಳೆದ ಗೆಳೆಯರು ಬೇರೆ ಬೇರೆ ಖಂಡಗಳ ಪಾಲಾದರು.

ಖಾಲಿಯಾದ ಮನೆಸಾಲುಗಳಿಗೆ ಮತ್ತೊಂದು ಜನಸಮುದಾಯವು ಬಂದಿತು. ದೇಶ ವಿಭಜನೆಯಾದಾಗ ಸಿಂಧ್ ಪ್ರಾಂತವು ಪಾಕಿಸ್ತಾನಕ್ಕೆ ಸೇರಿತಷ್ಟೆ. ಅಲ್ಲಿಂದ ಎಲ್ಲವನ್ನೂ ಬಿಟ್ಟುಬಂದ ಸಿಂಧಿ ಕುಟುಂಬಗಳಿಗೆ ಇದೇ ಶಿಬಿರದಲ್ಲಿ ಆಶ್ರಯ ದೊರೆಯಿತು. ಆ ವಸತಿಗೆ ಗಾಂಧಿನಗರವೆಂದು ಹೆಸರಾಯಿತು. ಬರಿಗೈಯಲ್ಲಿ ಬಂದ ಆ ಜನರು ವ್ಯಾಪಾರದಲ್ಲಿ ದುಡಿದು ಅದನ್ನು ಬಟ್ಟೆಯ ದೊಡ್ಡ ಮಾರುಕಟ್ಟೆಯಾಗಿ ಬೆಳೆಸಿದರು. ಯೂರೋಪಿನ ಯುದ್ಧದಿಂದ ನೊಂದವರು ಬಿಟ್ಟುಹೋದ ಕೋಣೆಯಲ್ಲಿ ನಮ್ಮದೇ ಉಪಖಂಡದ ವಿಭಜನೆಯಿಂದ ನೊಂದವರು ಒಲೆ ಹೂಡಿದರು. ಆ ನೆಲವು ಯಾರನ್ನೂ ನೀನು ಯಾವ ಜಾತಿಯವನು, ಯಾವ ಮತದವನು ಎಂದು ಕೇಳಲಿಲ್ಲ.

ಹೀಗೆ ಚದುರಿದವರು ವಳಿವಡೆಯನ್ನು ಮರೆತರೆ? ಇಲ್ಲ. ಭಾರತದಲ್ಲಿ ಬಾಲ್ಯವನ್ನು ಕಳೆದ ಪೋಲಿಷ್ ಜನರು ಬ್ರಿಟನ್ನಿನಲ್ಲಿ ತಮ್ಮದೊಂದು ಸಂಘವನ್ನು ಕಟ್ಟಿಕೊಂಡರು. ನೆನಪುಗಳನ್ನು ಸಂಗ್ರಹಿಸಿ ದೊಡ್ಡ ಗ್ರಂಥವನ್ನು ಪ್ರಕಟಿಸಿದರು. 1998ರಲ್ಲಿ ಕೊಲ್ಹಾಪುರದ ಮಹಾವೀರ ಉದ್ಯಾನದಲ್ಲಿ ಅವರ ಸ್ಮಾರಕವು ಸ್ಥಾಪನೆಯಾಯಿತು. ಮಹಾಯುದ್ಧವು ಆರಂಭವಾಗಿ 80 ವರ್ಷಗಳು ತುಂಬಿದ 2019ರ ಸೆಪ್ಟೆಂಬರಿನಲ್ಲಿ ವಳಿವಡೆಯಲ್ಲಿಯೇ ಒಂದು ಸ್ಮಾರಕ ಸ್ತಂಭವನ್ನು ಅನಾವರಣಗೊಳಿಸಲಾಯಿತು. ಆ ಸಮಾರಂಭಕ್ಕೆ ಹಿಂದಿನ ಶಿಬಿರವಾಸಿಗಳ ಒಂದು ತಂಡವೇ ಬಂದಿತ್ತು. ಅಂದು ಮಕ್ಕಳಾಗಿದ್ದವರು ಈಗ ಎಂಬತ್ತು ತೊಂಬತ್ತು ವರ್ಷಗಳ ವೃದ್ಧರು.

ಅಂಥ ಒಬ್ಬಾಕೆಯನ್ನು ನಾವು ಮನಸ್ಸಿನಲ್ಲಿ ಕಲ್ಪಿಸಿಕೊಳ್ಳೋಣ. ಹತ್ತು ವರ್ಷದ ಬಾಲಕಿಯಾಗಿ ಆಕೆ ಇಲ್ಲಿಗೆ ಬಂದಳು; ಹದಿನೈದನೆಯ ವರ್ಷದಲ್ಲಿ ಇಲ್ಲಿಂದ ಹೊರಟಳು. ಎಪ್ಪತ್ತು ವರ್ಷಗಳ ಅನಂತರ ಮರಳಿ ಬಂದು ನಿಂತಿದ್ದಾಳೆ. ಆಕೆಯು ಮನಸ್ಸಿನಲ್ಲಿ ಕಾಪಾಡಿಕೊಂಡಿದ್ದ ಬೀದಿ ಕಣ್ಣಮುಂದೆ ಇಲ್ಲ. ಹಳೆಯ ಮನೆಸಾಲುಗಳ ಜಾಗದಲ್ಲಿ ಅಂಗಡಿಗಳೂ ಮಾಳಿಗೆಯ ಮನೆಗಳೂ ಎದ್ದಿವೆ. ಗುರುತಿಗೆಂದು ಇಟ್ಟುಕೊಂಡಿದ್ದ ಮರವೂ ಇಲ್ಲ. ಬಾಲಕಿಗೆ ವಿಶಾಲವಾಗಿ ಕಂಡಿದ್ದ ಬಯಲು ಈಗ ಕಿರಿದಾಗಿ ತೋರುತ್ತದೆ. ಆದರೆ ಮೊದಲ ಮಳೆಹನಿ ಬಿದ್ದು ಮಣ್ಣಿನ ವಾಸನೆ ಎದ್ದೊಡನೆ ಆಕೆ ತಟಕ್ಕನೆ ನಿಲ್ಲುತ್ತಾಳೆ. ಕಣ್ಣು ಗುರುತಿಸಲಾರದುದನ್ನು ಮೂಗು ಗುರುತಿಸಿತು. ರೈಲಿನ ಕೂಗು ಕೇಳಿದಾಗ ನಿಲ್ದಾಣವು ಯಾವ ದಿಕ್ಕಿನಲ್ಲಿದೆ ಎಂಬುದನ್ನು ಆಕೆಯ ಕಾಲುಗಳು ತಾವಾಗಿಯೇ ಅರಿತುಕೊಳ್ಳುತ್ತವೆ.

ಕಷ್ಟದ ಕಾಲದ ನೆಲೆಯನ್ನು ಮನುಷ್ಯನು ಮತ್ತೆ ನೋಡಬಯಸುವುದೇಕೆ? ಮರೆಯುವುದೇ ಮೇಲಲ್ಲವೆ ಎಂದು ಯಾರಾದರೂ ಕೇಳಬಹುದು. ಇದಕ್ಕೆ ಮೂರು ಕಾರಣಗಳನ್ನು ಹೇಳಬಹುದು. ಮೊದಲನೆಯದು, ನಡೆದುದು ನಿಜವೆಂದು ಖಚಿತಪಡಿಸಿಕೊಳ್ಳುವ ಬಯಕೆ. ಚಿಕ್ಕಂದಿನಲ್ಲಿ ಕಂಡುದು ಬಹುಕಾಲದ ಮೇಲೆ ಕನಸಿನಂತೆ ಮಸುಕಾಗುತ್ತದೆ. ಹೇಳಿದರೆ ಮೊಮ್ಮಕ್ಕಳು ಕಥೆಯೆಂದು ತಿಳಿಯುತ್ತಾರೆ. ನೆಲದ ಮೇಲೆ ಕಾಲಿಟ್ಟು ನಿಂತಾಗ ಕಥೆಯು ಚರಿತ್ರೆಯಾಗುತ್ತದೆ.

ಎರಡನೆಯದು, ಅಗಲಿದವರ ಋಣ. ಕೊಲ್ಹಾಪುರದ ಸ್ಮಶಾನದಲ್ಲಿ ಪೋಲಿಷ್ ಜನರ ಗೋರಿಗಳಿವೆ. ಸೈಬೀರಿಯಾದ ಚಳಿಯನ್ನೂ ಕ್ಯಾಸ್ಪಿಯನ್ ತೀರದ ರೋಗವನ್ನೂ ಗೆದ್ದು ಬಂದು, ಕೊನೆಗೆ ಇಲ್ಲಿ ಕಣ್ಮುಚ್ಚಿದವರು ಅವರು. ತಾಯಿಯನ್ನೋ ತಮ್ಮನನ್ನೋ ಇಲ್ಲಿ ಮಣ್ಣುಮಾಡಿ ಹೋದವರಿಗೆ ಈ ಊರು ಬರಿಯ ಹಳೆಯ ಬಿಡಾರವಲ್ಲ. ಹಿರಿಯರ ಸಮಾಧಿಯಿರುವ ನೆಲವನ್ನು ನಾವು ಸ್ವಂತ ಊರು ಎನ್ನುತ್ತೇವೆ. ಆ ಅರ್ಥದಲ್ಲಿ ವಳಿವಡೆಯು ಅವರಿಗೆ ಸ್ವಂತ ಊರು.

ಮೂರನೆಯದು, ಎಲ್ಲಕ್ಕಿಂತ ಆಳವಾದುದು. ಯುದ್ಧದ ಬಾಲ್ಯವನ್ನು ಕಂಡವರಿಗೆ ಎರಡು ಊರುಗಳಿರುತ್ತವೆ: ಭಯವು ಆರಂಭವಾದ ಊರು, ಭಯವು ಮುಗಿದ ಊರು. ಹುಟ್ಟಿದ ಊರಿಗೆ ಹೋದರೆ ಅಲ್ಲಿ ಬಾಗಿಲು ಬಡಿದ ಸೈನಿಕರ ನೆನಪು ಕಾದಿರುತ್ತದೆ. ವಳಿವಡೆಗೆ ಬಂದರೆ ಅಲ್ಲಿ ಕಾದಿರುವುದು ಮೊದಲ ಪಾಠಶಾಲೆಯ ನೆನಪು. ರಕ್ತಸಂಬಂಧವಿಲ್ಲದ, ಭಾಷೆ ಬಾರದ, ಮತ ಬೇರೆಯಾದ ಒಂದು ನಾಡು ತಮ್ಮನ್ನು ಹೊರದೂಡಲಿಲ್ಲ ಎಂಬುದು ಅವರ ಪಾಲಿಗೆ ಜೀವಮಾನದ ಅನುಭವ. ಅದಕ್ಕೆ ಕೃತಜ್ಞತೆಯನ್ನು ಸಲ್ಲಿಸದೆ ಬಾಳು ಪೂರ್ಣವಾಗದೆಂದು ಅವರಿಗೆ ತೋರಿದ್ದರೆ ಆಶ್ಚರ್ಯವಿಲ್ಲ.

ಕೃತಜ್ಞತೆಯು ಪೋಲೆಂಡಿನ ರಾಜಧಾನಿ ವಾರ್ಸಾದಲ್ಲಿಯೂ ರೂಪು ತಾಳಿದೆ. ಅಲ್ಲಿಯ ಒಂದು ಚೌಕಕ್ಕೆ 'ಒಳ್ಳೆಯ ಮಹಾರಾಜ' ಎಂದು ದಿಗ್ವಿಜಯಸಿಂಹಜಿಯವರ ನೆನಪಿಗಾಗಿ ಹೆಸರಿಟ್ಟಿದ್ದಾರೆ. ಕೊಲ್ಹಾಪುರದ ಹೆಸರಿನಲ್ಲಿಯೂ ಅಲ್ಲಿ ಒಂದು ಸ್ಮಾರಕವಿದೆ. 2024ರ ಆಗಸ್ಟಿನಲ್ಲಿ ವಾರ್ಸಾಕ್ಕೆ ಹೋದ ಭಾರತದ ಪ್ರಧಾನಿಯವರು ಈ ಎರಡೂ ಎಡೆಗಳಲ್ಲಿ ಗೌರವ ಸಲ್ಲಿಸಿದರು; ಪ್ರತಿ ವರ್ಷವೂ 20 ಮಂದಿ ಪೋಲಿಷ್ ತರುಣರನ್ನು ಭಾರತಕ್ಕೆ ಬರಮಾಡಿಕೊಳ್ಳುವ ಯೋಜನೆಯನ್ನು ಪ್ರಕಟಿಸಿದರು. ಶಿಬಿರದ ದಿನಗಳನ್ನು ಕಣ್ಣಾರೆ ಕಂಡವರು ವರ್ಷದಿಂದ ವರ್ಷಕ್ಕೆ ಕಡಿಮೆಯಾಗುತ್ತಿದ್ದಾರೆ. ಸಾಕ್ಷಿಗಳು ಇಲ್ಲವಾದ ಮೇಲೆ ನೆನಪನ್ನು ಹೊರಬೇಕಾದವರು ಕಿರಿಯರೇ ಅಲ್ಲವೆ?

ಇದು ದೂರದ ಊರಿನ ಕಥೆ ಎಂದು ನಾವು ಬದಿಗಿಡುವಂತಿಲ್ಲ. 1959ರಲ್ಲಿ ಟಿಬೆಟ್ಟಿನಿಂದ ದಲೈ ಲಾಮಾ ಅವರೂ ಅವರ ಹಿಂದೆ ಸಹಸ್ರಾರು ಜನರೂ ಹಿಮಾಲಯವನ್ನು ದಾಟಿ ಭಾರತಕ್ಕೆ ಬಂದರು. ಅಂದಿನ ಮೈಸೂರು ರಾಜ್ಯವು ಬೈಲಕುಪ್ಪೆಯಲ್ಲಿ ಅವರಿಗೆ ಭೂಮಿ ನೀಡಿತು. ಮುಂದೆ 1970ರ ದಶಕದಲ್ಲಿ, ಅಂದು ಕೊಳ್ಳೇಗಾಲ ತಾಲ್ಲೂಕಿಗೆ ಸೇರಿದ್ದ ಒಡೆಯರಪಾಳ್ಯದ ಬಳಿ ಮತ್ತೊಂದು ಟಿಬೆಟನ್ ವಸತಿ ನೆಲೆಗೊಂಡಿತು. ಇದು ಪುಣಜನೂರು ಇರುವ ಚಾಮರಾಜನಗರ ಜಿಲ್ಲೆಯಲ್ಲಿಯೇ ಇದೆ. ಅಲ್ಲಿ ಹುಟ್ಟಿ, ನಮ್ಮ ಮಳೆಬಿಸಿಲುಗಳಲ್ಲಿ ಬೆಳೆದು, ಕನ್ನಡ ಮಾತನಾಡಲು ಕಲಿತು, ಅನಂತರ ದೂರದ ದೇಶಗಳಿಗೆ ಹೋದವರಿದ್ದಾರೆ. ಅವರೂ ವೃದ್ಧಾಪ್ಯದಲ್ಲಿ ಮೊಮ್ಮಕ್ಕಳ ಕೈಹಿಡಿದು ಇಲ್ಲಿಗೆ ಬಂದು ನಿಂತಾರು. ಆಗ ಅವರ ನೆನಪಿನಲ್ಲಿ ಇರುವವರು ನಾವು: ಅಂಗಡಿಯಲ್ಲಿ ಮಾತನಾಡಿಸಿದವರು, ಬಸ್ಸಿನಲ್ಲಿ ಜಾಗ ಬಿಟ್ಟವರು, ಶಾಲೆಯಲ್ಲಿ ಪಕ್ಕದಲ್ಲಿ ಕುಳಿತವರು.

ಯುದ್ಧವನ್ನು ಹೂಡುವವರು ಕೆಲವರು. ಅದರ ಭಾರವನ್ನು ಹೊರುವವರು ಅನೇಕರು. ಗಡಿಯ ಗೆರೆಗಳನ್ನು ಎಳೆಯುವ ಶಕ್ತಿ ಸಾಮಾನ್ಯ ಜನರ ಕೈಯಲ್ಲಿಲ್ಲ. ಆದರೆ ಗೆರೆ ದಾಟಿ ಬಂದವನಿಗೆ ನೀರು ಕೊಡುವುದೋ ಬಾಗಿಲು ಮುಚ್ಚುವುದೋ ಎಂಬುದು ಸಾಮಾನ್ಯ ಜನರ ಕೈಯಲ್ಲಿಯೇ ಇದೆ. ವಳಿವಡೆಯ ಸೀಮೆಯ ಜನರು ಅಂದು ಬಾಗಿಲನ್ನು ಮುಚ್ಚಲಿಲ್ಲ. ಅದರಿಂದಲೇ ಕಬ್ಬಿನ ಗದ್ದೆಗಳ ನಡುವಿನ ಒಂದು ಹಳ್ಳಿಯು ಏಳು ದಶಕಗಳ ಮೇಲೆಯೂ ಖಂಡಗಳಾಚೆಯವರ ಬಾಯಲ್ಲಿ 'ನಮ್ಮ ಊರು' ಎನಿಸಿಕೊಂಡಿತು. ನಾವು ಹುಟ್ಟುವ ಊರನ್ನು ನಾವು ಆರಿಸಿಕೊಳ್ಳಲಾರೆವು. ನಮ್ಮ ಊರು ಇನ್ನೊಬ್ಬರಿಗೆ ಎಂಥ ನೆನಪಾಗಬೇಕೆಂಬುದನ್ನು ಮಾತ್ರ ಆರಿಸಿಕೊಳ್ಳಬಲ್ಲೆವು.